ಗುಜರಿಗೆ ಬೇಡವಾದ ಪ್ಯಾಕೆಟ್

ಬೆಂಗಳೂರಿನ ವಾರ್ಡೊಂದರ ಒಣ ಕಸ ಸಂಗ್ರಹ ಕೇಂದ್ರ. ತಗಡಿನ ಚಾವಣಿಯ ಕೆಳಗೆ, ರಾಶಿಯ ಮುಂದೆ ಕೂತು ಕಸ ಬೇರ್ಪಡಿಸುತ್ತಿದ್ದ ಹೆಂಗಸೊಬ್ಬರ ಕೈಗಳನ್ನೇ ನೋಡುತ್ತ ಅರ್ಧ ಗಂಟೆ ನಿಂತಿದ್ದೆ. ಅವರ ಮಾತೆಲ್ಲ ಪಕ್ಕದವರ ಜೊತೆ, ಮಗಳ ಸ್ಕೂಲ್ ಫೀಸಿನ ವಿಷಯ. ಕೈ ಮಾತ್ರ ತನ್ನ ಪಾಡಿಗೆ ತಾನು ಕೆಲಸ ಮಾಡುತ್ತಿತ್ತು. ನೀರಿನ ಬಾಟಲಿ ಬಲಗಡೆಯ ಮೂಟೆಗೆ, ರಟ್ಟು ಹಿಂದಕ್ಕೆ, ಹಾಲಿನ ಕವರ್ ಇನ್ನೊಂದು ಚೀಲಕ್ಕೆ. ಆಮೇಲೆ ಕೈಗೆ ಬಂದದ್ದು ಕುರುಕಲು ತಿಂಡಿಯ ಪ್ಯಾಕೆಟ್. ಹೊರಗೆ ಕೆಂಪು ಹಳದಿ, ಒಳಗೆ ಬೆಳ್ಳಿ ಹೊಳಪು. ಮುಷ್ಟಿಯಲ್ಲಿ ಒಮ್ಮೆ ಹಿಚುಕಿದರು. ಪರಪರ ಸದ್ದಾಯಿತು. ಅತ್ತ ನೋಡದೆಯೇ ಎಡಗಡೆಗೆ ಎಸೆದರು.

‘ನೋಡದೇನೇ ಹೆಂಗೆ ಗೊತ್ತಾಯ್ತಮ್ಮಾ?’ ಅಂದೆ.

‘ಸದ್ದಿಗೇ ಗೊತ್ತಾಗತ್ತಣ್ಣ. ಹಾಲಿನ ಕವರ್ ಸುಮ್ಮನಿರತ್ತೆ. ಇದು ಪರಪರ ಅನ್ನತ್ತೆ. ಇದಕ್ಕೆ ರೇಟಿಲ್ಲ.’

ಅಲ್ಲಿದ್ದ ರಾಶಿಗಳಲ್ಲೆಲ್ಲ ದೊಡ್ಡದು ಆ ಎಡಗಡೆಯದೇ.

ಪ್ಯಾಕಿಂಗ್ ಉದ್ಯಮ ಮತ್ತು ಪರಿಸರದ ಬಗ್ಗೆ ಎಷ್ಟೋ ವರದಿಗಳನ್ನು ಓದಿದ್ದೇನೆ. ಆದರೆ ನಮ್ಮಂಥ ದೇಶದಲ್ಲಿ ಈ ವಿಷಯದ ತಿರುಳೆಲ್ಲ ‘ರೇಟಿಲ್ಲ’ ಎಂಬ ಆ ಒಂದು ಮಾತಿನಲ್ಲಿದೆ ಎಂದು ನನಗೆ ಖಾತ್ರಿಯಾದದ್ದು ಅಲ್ಲಿ. ಭಾರತದಲ್ಲಿ ಕಸ ಮರುಬಳಕೆಗೆ ಹೋಗುವುದು ಗುಜರಿಯ ತಕ್ಕಡಿಯ ಮೂಲಕ. ಚಿಂದಿ ಆಯುವವರು, ಸೈಕಲ್ಲಿನಲ್ಲಿ ಹಳೇ ಪೇಪರ್ ಕೊಳ್ಳುವವರು, ಬೀದಿ ಮೂಲೆಯ ಗುಜರಿ ಅಂಗಡಿ, ಅಲ್ಲಿಂದ ನಾಯಂಡಹಳ್ಳಿಯಂಥ ಕಡೆಯ ಗೋದಾಮು, ಅಲ್ಲಿಂದ ಪ್ಲಾಸ್ಟಿಕ್ ಕರಗಿಸಿ ಕಾಳು ಮಾಡುವ ಯಂತ್ರ. ಈ ಸರಪಳಿಯ ಒಬ್ಬೊಬ್ಬರೂ ನಾಲ್ಕು ಕಾಸು ಉಳಿಯುತ್ತದೆ ಎಂದಾದರೆ ಮಾತ್ರ ವಸ್ತುವನ್ನು ಮುಂದಕ್ಕೆ ದಾಟಿಸುತ್ತಾರೆ. ಉಳಿಯದಿದ್ದರೆ ಅದು ಅಲ್ಲೇ ಬಿದ್ದಿರುತ್ತದೆ. ಯಾವುದಕ್ಕೆ ರೇಟು ಸಿಗುತ್ತದೆ, ಯಾವುದಕ್ಕೆ ಸಿಗುವುದಿಲ್ಲ ಎಂಬುದು ಮಾತ್ರ ಕಸದ ಬುಟ್ಟಿಯ ಹತ್ತಿರ ತೀರ್ಮಾನವಾಗುವುದಿಲ್ಲ. ಪ್ಯಾಕೆಟ್ಟಿನ ವಿನ್ಯಾಸ ಮಾಡುವ ಮೇಜಿನ ಮೇಲೇ ಅದು ಆಗಿಹೋಗಿರುತ್ತದೆ.

ಹಾಲಿನ ಕವರ್ ಒಂದೇ ಜಾತಿಯ ಪ್ಲಾಸ್ಟಿಕ್, ಪಾಲಿಥೀನ್. ತೊಳೆದು ಕರಗಿಸಿದರೆ ಮತ್ತೆ ಪಾಲಿಥೀನೇ. ತಿಂಡಿಯ ಪ್ಯಾಕೆಟ್ ಹಾಗಲ್ಲ. ಹೊರಗಡೆ ಚಿತ್ರ ಅಚ್ಚಾಗಲು ಒಂದು ಪದರ, ಅದರ ಹಿಂದೆ ಅಲ್ಯೂಮಿನಿಯಂ ಆವಿ ಹಿಡಿಸಿದ ಇನ್ನೊಂದು ಪದರ, ಒಳಗಡೆ ಬಿಸಿ ತಾಗಿದರೆ ಅಂಟಿಕೊಳ್ಳುವ ಮತ್ತೊಂದು ಪದರ. ಚಿತ್ರದ ಶಾಯಿ ಇರುವುದು ಪದರಗಳ ನಡುವೆ. ಎಷ್ಟು ಉಜ್ಜಿದರೂ ಬಣ್ಣ ಹೋಗದಿರುವುದು ಅದಕ್ಕೇ. ಅಲ್ಯೂಮಿನಿಯಂ ಲೇಪವಂತೂ ಕೂದಲೆಳೆಯ ಸಾವಿರದ ಒಂದು ಭಾಗಕ್ಕಿಂತ ತೆಳು. ಹೀಗೆ ಹಲವು ಪದರಗಳ ಪೊಟ್ಟಣಗಳಲ್ಲಿ ಪಾಲಿಥೀನ್, ಪಾಲಿಪ್ರೊಪಿಲೀನ್, ಪಾಲಿಯೆಸ್ಟರ್ ಮೂರನ್ನೂ ಬೇಕಾದಂತೆ ಜೋಡಿಸಿರುತ್ತಾರೆ. ಪಾಲಿಥೀನ್ ಕರಗುವುದು ಸುಮಾರು 110 ಡಿಗ್ರಿಗೆ, ಪಾಲಿಪ್ರೊಪಿಲೀನ್ 160ರ ಹತ್ತಿರ, ಪಾಲಿಯೆಸ್ಟರ್ 250 ದಾಟಿದ ಮೇಲೆ. ಒಂದು ಕರಗುವ ಹೊತ್ತಿಗೆ ಇನ್ನೊಂದು ಗಟ್ಟಿಯಾಗೇ ಇರುತ್ತದೆ, ಇನ್ನೊಂದು ಕರಗುವ ಹೊತ್ತಿಗೆ ಮೊದಲಿನದು ಸುಟ್ಟುಹೋಗುತ್ತದೆ. ಮೂರೂ ಒಟ್ಟಿಗೆ ಕರಗಿದರೂ ಎಣ್ಣೆ ನೀರಿನ ಹಾಗೆ ಬೇರೆಬೇರೆಯಾಗಿಯೇ ಇರುತ್ತವೆ. ಕಾಳು ಮಾಡುವವನು ಇದನ್ನು ತೆಗೆದುಕೊಂಡು ಏನು ಮಾಡಿಯಾನು?

ಹಾಗಂತ ಪದರಗಳನ್ನು ಸುಮ್ಮನೆ ಹಾಕಿಲ್ಲ. ಮಳೆಗಾಲದಲ್ಲಿ ಮನೆಯ ಚಕ್ಕುಲಿ ಎರಡೇ ದಿನಕ್ಕೆ ಮೆತ್ತಗಾಗುವುದನ್ನು ಕಂಡವರಿಗೆ ತೇವ ಏನು ಮಾಡುತ್ತದೆ ಎಂದು ಹೇಳಬೇಕಿಲ್ಲ. ಗಾಳಿ ತಾಗಿದರೆ ಎಣ್ಣೆ ಕಮಟುತ್ತದೆ, ಬೆಳಕು ಬಿದ್ದರೆ ಇನ್ನೂ ಬೇಗ. ಬೆಳ್ಳಿಯ ಪದರ ಗಾಳಿ, ಬೆಳಕು, ತೇವ ಮೂರನ್ನೂ ತಡೆಯುತ್ತದೆ. ಹುಬ್ಬಳ್ಳಿಯಲ್ಲಿ ಕರಿದ ತಿಂಡಿ ಮೂರು ತಿಂಗಳಾದ ಮೇಲೆ ಮಲೆನಾಡಿನ ಜಡಿಮಳೆಯಲ್ಲೂ ಗರಿಗರಿಯಾಗಿರುವುದು ಅದರಿಂದಲೇ. ನಮ್ಮ ಮೈಸೂರಿನಲ್ಲಿ ಇದಕ್ಕೊಂದು ದೊಡ್ಡ ಪರಂಪರೆಯೇ ಇದೆ. 1950ರಲ್ಲಿ ಶುರುವಾದ ಕೇಂದ್ರೀಯ ಆಹಾರ ತಾಂತ್ರಿಕ ಸಂಶೋಧನಾಲಯ, ಅಂದರೆ ಸಿಎಫ್‌ಟಿಆರ್‌ಐ, ಆಹಾರ ಕೆಡದಂತೆ ಕಟ್ಟಿಡುವ ವಿದ್ಯೆಯನ್ನು ದಶಕಗಳಿಂದ ಬೆಳೆಸಿದೆ. ಅದೇ ಊರಿನ ರಕ್ಷಣಾ ಆಹಾರ ಸಂಶೋಧನಾಲಯ ಎತ್ತರದ ಗಡಿಗಳಲ್ಲಿ ಕಾವಲಿರುವ ಸೈನಿಕರಿಗೆ ಬಿಸಿ ಮಾಡಿ ತಿನ್ನುವ ಊಟವನ್ನು ಪೊಟ್ಟಣದಲ್ಲಿ ಕಳಿಸಿತು. ಪ್ಯಾಕಿಂಗ್ ಇಲ್ಲದಿದ್ದರೆ ರೈತ ಬೆಳೆದದ್ದು, ಹೈನುಗಾರ ಕರೆದದ್ದು ಎಷ್ಟೋ ದಾರಿಯಲ್ಲೇ ಹಾಳಾಗುತ್ತಿತ್ತು. ಹಾಗಾಗಿ ಪ್ಯಾಕೆಟ್ಟೇ ಬೇಡ ಎಂಬ ಮಾತು ನನ್ನ ಬಾಯಲ್ಲಿ ಬರುವುದಿಲ್ಲ.

ನಮ್ಮೂರಿನ ದಿನಸಿ ಅಂಗಡಿಯ ಶೆಟ್ಟರು ಹಳೇ ಪೇಪರನ್ನು ಸುರುಳಿ ಸುತ್ತಿ, ತುದಿ ಮಡಚಿ, ಅದರೊಳಗೆ ತೊಗರಿಬೇಳೆ ಸುರಿದು, ತಲೆ ಮೇಲೆ ತೂಗುಬಿಟ್ಟಿದ್ದ ಉಂಡೆಯಿಂದ ದಾರ ಎಳೆದು ಪೊಟ್ಟಣ ಕಟ್ಟುತ್ತಿದ್ದ ಚಂದ ಈಗಲೂ ಕಣ್ಣಲ್ಲಿದೆ. ಹಾಲು ವರ್ತನೆಯವಳ ಪಾವಿನಿಂದ ನೇರ ನಮ್ಮ ಪಾತ್ರೆಗೆ. ಗೋಲಿ ಸೋಡಾ ಅಂಗಡಿ ಮುಂದೆ ನಿಂತೇ ಕುಡಿಯಬೇಕು. ಮನೆಗೆ ಒಯ್ಯುವುದಾದರೆ ಬಾಟಲಿಗೆ ಠೇವಣಿ ದುಡ್ಡು ಇಡಬೇಕು, ಖಾಲಿ ಬಾಟಲಿ ತಂದರೆ ದುಡ್ಡು ವಾಪಸ್. ಆ ಕಾಲಕ್ಕೇ ಮರಳೋಣ ಎನ್ನುವವರಿದ್ದಾರೆ. ಆದರೆ ಪೇಪರಿನ ಶಾಯಿ ಆಹಾರಕ್ಕೆ ಸೇರುತ್ತದೆಂದು ಆಹಾರ ಸುರಕ್ಷತಾ ಪ್ರಾಧಿಕಾರ 2016ರಲ್ಲೇ ಎಚ್ಚರಿಸಿತು, 2018ರ ನಿಯಮದಲ್ಲಿ ತಿನ್ನುವ ಪದಾರ್ಥವನ್ನು ಪೇಪರಿನಲ್ಲಿ ಕಟ್ಟುವಂತಿಲ್ಲ ಎಂದಿತು. ಅದು ಸರಿಯೇ. ಆ ಕಾಲದಿಂದ ನಾವು ಉಳಿಸಿಕೊಳ್ಳಬೇಕಾಗಿದ್ದದ್ದು ಪೇಪರನ್ನಲ್ಲ, ಸೋಡಾ ಬಾಟಲಿಯ ಮೇಲಿನ ಆ ಠೇವಣಿ ದುಡ್ಡನ್ನು.

ಸ್ಯಾಶೆಯ ಹುಟ್ಟಿನಲ್ಲೂ ಇಂಥದೊಂದು ದುಡ್ಡಿನ ಕಥೆ ಇದೆ. ಅಂಗಡಿಯ ಬಾಗಿಲಿಗೆ ಹೂಮಾಲೆಯ ಹಾಗೆ ನೇತುಹಾಕುವ ಶಾಂಪೂ ಪ್ಯಾಕೆಟ್ಟಿನ ತವರು ನೆರೆಯ ತಮಿಳುನಾಡಿನ ಕಡಲೂರು. ಅಲ್ಲಿ ಔಷಧಿ, ಸೌಂದರ್ಯ ಸಾಮಗ್ರಿ ಮಾಡುತ್ತಿದ್ದ ಚಿನ್ನಿಕೃಷ್ಣನ್ ಎಂಬವರಿಗೆ ಒಂದು ಹಟ. ಸಾಹುಕಾರ ಬಳಸುವುದನ್ನು ಕೂಲಿಯವನೂ ಬಳಸುವಂತಾಗಬೇಕು, ಅದಕ್ಕೆ ಎಲ್ಲವನ್ನೂ ಚಿಕ್ಕ ಪೊಟ್ಟಣದಲ್ಲಿ ಕಟ್ಟಬೇಕು. ಅವರ ಮಗ ಸಿ.ಕೆ. ರಂಗನಾಥನ್ 1983ರಲ್ಲಿ 15 ಸಾವಿರ ರೂಪಾಯಿ ಹಾಕಿ ಚಿಕ್ ಶಾಂಪೂ ಶುರುಮಾಡಿದರು. ಆ ಕಂಪನಿಯೇ ಮುಂದೆ ಕೆವಿನ್‌ಕೇರ್ ಆಯಿತು. ಶುರುವಿನ ವರ್ಷಗಳಲ್ಲಿ ಅವರು ಮಾಡಿದ ಉಪಾಯ ಗಮನಿಸಿ: ಯಾವ ಕಂಪನಿಯದೇ ಆಗಲಿ, ಶಾಂಪೂವಿನ ಕೆಲವು ಖಾಲಿ ಪ್ಯಾಕೆಟ್ ತಂದುಕೊಟ್ಟರೆ ಒಂದು ಚಿಕ್ ಪ್ಯಾಕೆಟ್ ಉಚಿತ. ಮುಂದೆ ಚಿಕ್‌ನ ಖಾಲಿ ಪ್ಯಾಕೆಟ್ಟುಗಳಿಗೆ ಮಾತ್ರ ಎಂದಾಯಿತು. ಅದು ಮಾರಾಟದ ಉಪಾಯ, ಪರಿಸರ ಆಗ ಯಾರ ತಲೆಯಲ್ಲೂ ಇರಲಿಲ್ಲ. ಆದರೂ ನಾನು ಅದನ್ನು ಮತ್ತೆ ಮತ್ತೆ ನೆನೆಯುತ್ತೇನೆ. ಹರಿದು ಬಿಸಾಡಿದ, ಉಗುರಗಲದ ಚೂರನ್ನೂ ಜನ ಜೋಪಾನ ಮಾಡಿ ಅಂಗಡಿಗೆ ವಾಪಸ್ ತಂದರು. ಸ್ಯಾಶೆಯನ್ನು ವಾಪಸ್ ತರಿಸುವುದು ಅಸಾಧ್ಯ ಎಂದು ಇವತ್ತು ವಾದಿಸುವವರು ಆ ಕಥೆಯನ್ನು ಒಮ್ಮೆ ಕೇಳಬೇಕು.

ಸ್ಯಾಶೆ ಕೊಳ್ಳುವವರನ್ನು ಹಳಿಯುವುದು ನನಗೆ ಒಪ್ಪಿಗೆಯಿಲ್ಲ. ದಿನಗೂಲಿಯ ಮನೆಯಲ್ಲಿ ತಿಂಗಳ ದಿನಸಿ ಎಂಬುದೇ ಇರುವುದಿಲ್ಲ. ಸಂಜೆ ಕೈಗೆ ಬಂದ ದುಡ್ಡಿನಲ್ಲಿ ಎಣ್ಣೆ, ಕಾಫಿಪುಡಿ, ಸೋಪಿನ ಪುಡಿ, ಒಂದು ಶಾಂಪೂ. ಅಷ್ಟನ್ನೇ ಕೊಳ್ಳಲು ಸಾಧ್ಯ. ಆದರೆ ಚಿಕ್ಕ ಪ್ಯಾಕೆಟ್ಟಿನ ಲೆಕ್ಕ ಮಾತ್ರ ಕ್ರೂರವಾದದ್ದು. ಒಂದು ಲೀಟರ್ ಡಬ್ಬಿಗಿಂತ ಅದೇ ಒಂದು ಲೀಟರನ್ನು ನೂರಾರು ಪೊಟ್ಟಣಕ್ಕೆ ಹಂಚಿದರೆ ಸುತ್ತುವ ಹಾಳೆ ಬಹಳ ಹೆಚ್ಚು ಬೇಕು. ಅದರ ಮೇಲೆ 5 ರೂಪಾಯಿ, 10 ರೂಪಾಯಿ ಎಂಬ ಬೆಲೆಯನ್ನು ಬದಲಿಸಲು ಕಂಪನಿಗಳಿಗೆ ಹೆದರಿಕೆ. ಎಣ್ಣೆ, ಗೋಧಿ, ಸಕ್ಕರೆ ತುಟ್ಟಿಯಾದಾಗ ಬೆಲೆ ಹಾಗೇ ಇರುತ್ತದೆ, ಒಳಗಿನ ಗ್ರಾಂ ಇಳಿಯುತ್ತದೆ. ಗ್ರಾಂ ಇಳಿದಷ್ಟೂ ಒಂದು ಕಿಲೋ ಬಿಸ್ಕತ್ತಿಗೆ ತಗಲುವ ಪ್ಲಾಸ್ಟಿಕ್ ಏರುತ್ತದೆ. ಬೆಲೆಯೇರಿಕೆಯ ದಿನಗಳಲ್ಲಿ ಬಡವರ ಹೊಟ್ಟೆಗೆ ಬೀಳುವುದು ಕಡಿಮೆ, ಅವರ ಚರಂಡಿಗೆ ಬೀಳುವುದು ಹೆಚ್ಚು.

ಹಳ್ಳಿಗೆ ಹೋದರೆ ಇದರದೇ ಇನ್ನೊಂದು ರೂಪ. 2007ರ ಜುಲೈ 1ರಂದು ಸಾರಾಯಿ ನಿಷೇಧವಾಗುವ ತನಕ ಕರ್ನಾಟಕದ ಊರೂರಲ್ಲಿ ಸಾರಾಯಿ ಪ್ಯಾಕೆಟ್ಟಿನ ಕಸವಿತ್ತು. ಅದು ಹೋಯಿತು, ಕಡಿಮೆ ಬೆಲೆಯ ಮದ್ಯ 90 ಎಂ.ಎಲ್. ಮತ್ತು 180 ಎಂ.ಎಲ್. ಟೆಟ್ರಾ ಪೊಟ್ಟಣದಲ್ಲಿ ಬಂತು. ಕೆರೆ ಏರಿ, ಹೊಲದ ಬದು, ಬಸ್ ನಿಲ್ದಾಣದ ಹಿಂಭಾಗ, ಶಾಲೆಯ ಕಾಂಪೌಂಡಿನ ಬುಡ, ಎಲ್ಲಿ ಕಣ್ಣು ಹಾಯಿಸಿದರೂ ಚಪ್ಪಟೆಯಾದ ಆ ಡಬ್ಬಿಗಳು. ಅದರಲ್ಲಿ ಮುಕ್ಕಾಲು ಪಾಲು ಒಳ್ಳೆಯ ರಟ್ಟು, ಉಳಿದದ್ದು ಪಾಲಿಥೀನ್, ಮತ್ತೆ ಒಂದಿಷ್ಟು ಅಲ್ಯೂಮಿನಿಯಂ. ನೀರಿನಲ್ಲಿ ಕಡೆದರೆ ರಟ್ಟಿನ ನಾರು ಬಿಟ್ಟುಕೊಳ್ಳುತ್ತದೆ, ಮಿಕ್ಕ ಪ್ಲಾಸ್ಟಿಕ್ಕು ಅಲ್ಯೂಮಿನಿಯಂ ಒತ್ತಿ ಹಲಗೆ, ಚಾವಣಿಯ ಶೀಟು ಮಾಡುತ್ತಾರೆ. ತಂತ್ರ ಗೊತ್ತಿದೆ. ಆದರೆ ಅದನ್ನು ಮಾಡುವ ಕಾಗದದ ಗಿರಣಿಗಳು ದೇಶದಲ್ಲಿ ಕೆಲವೇ ಕೆಲವು. ಹೊಲದ ಬದುವಿನಿಂದ ಅಲ್ಲಿಗೆ ಅದನ್ನು ಹೊತ್ತೊಯ್ಯುವ ಖರ್ಚು ಯಾರದು?

ಕಾನೂನು ಈ ಪ್ರಶ್ನೆಗೆ ಉತ್ತರ ಕೊಡಲು ಹೊರಟದ್ದುಂಟು. 2016ರ ಮಾರ್ಚ್‌ನಲ್ಲಿ ಕರ್ನಾಟಕ ಪ್ಲಾಸ್ಟಿಕ್ ಕೈಚೀಲ, ತಟ್ಟೆ, ಲೋಟ, ಫ್ಲೆಕ್ಸ್ ಇತ್ಯಾದಿಗಳನ್ನು ನಿಷೇಧಿಸಿತು. 2022ರ ಜುಲೈ 1ರಿಂದ ಇಡೀ ದೇಶದಲ್ಲಿ ಸ್ಟ್ರಾ, ಚಮಚ, ತಟ್ಟೆಯಂಥ ವಸ್ತುಗಳಿಗೆ ನಿಷೇಧ ಬಂತು. ಇವೆಲ್ಲ ಬೇಕಿತ್ತು. ಆದರೆ ಹಲವು ಪದರಗಳ ಪ್ಯಾಕೆಟ್ ಆ ಪಟ್ಟಿಯಲ್ಲಿ ಇಲ್ಲ. ಅದರ ಸರದಿ ಬಂದಿದ್ದದ್ದು ಅದಕ್ಕೂ ಮೊದಲು. 2016ರ ಕೇಂದ್ರದ ಪ್ಲಾಸ್ಟಿಕ್ ತ್ಯಾಜ್ಯ ನಿರ್ವಹಣಾ ನಿಯಮ, ಮರುಬಳಕೆಯಾಗದ ಬಹುಪದರದ ಪ್ಯಾಕೆಟ್ಟುಗಳನ್ನು ಎರಡು ವರ್ಷದಲ್ಲಿ ಹಂತಹಂತವಾಗಿ ನಿಲ್ಲಿಸಬೇಕು ಎಂದು ಸ್ಪಷ್ಟವಾಗಿ ಹೇಳಿತ್ತು. ಎರಡು ವರ್ಷ ತುಂಬುವ ಹೊತ್ತಿಗೆ, 2018ರಲ್ಲಿ, ತಿದ್ದುಪಡಿ ಬಂತು. ಮರುಬಳಕೆಯಾಗದ ಎನ್ನುವಲ್ಲಿ, ಮರುಬಳಕೆಯಾಗದ ಅಥವಾ ಸುಟ್ಟು ಶಕ್ತಿ ಪಡೆಯಲಾಗದ ಅಥವಾ ಬೇರಾವ ಉಪಯೋಗಕ್ಕೂ ಬಾರದ ಎಂದಾಯಿತು. ಸುಡಲು ಬಾರದ ಪ್ಲಾಸ್ಟಿಕ್ ಯಾವುದಿದೆ? ಕೆಲವು ಪದ ಸೇರಿಸಿದ್ದಕ್ಕೆ ಆ ಬೆಳ್ಳಿ ಹೊಳಪಿನ ಪ್ಯಾಕೆಟ್ ಅಂಗಡಿಯಲ್ಲೇ ಉಳಿಯಿತು. ಈ ಇಡೀ ಕಥೆಯಲ್ಲಿ ನನಗೆ ಅತ್ಯಂತ ನೋವಾಗುವ ಜಾಗ ಇದು.

2022ರ ಫೆಬ್ರವರಿಯಲ್ಲಿ ಬಂದ ಉತ್ಪಾದಕರ ಹೊಣೆಯ ಮಾರ್ಗಸೂಚಿ ಇದಕ್ಕಿಂತ ಗಟ್ಟಿ. ಎಷ್ಟು ಪ್ಲಾಸ್ಟಿಕ್ ಮಾರುಕಟ್ಟೆಗೆ ಬಿಟ್ಟೆಯೋ ಅಷ್ಟನ್ನೂ ವಾಪಸ್ ಪಡೆಯುವ ಹೊಣೆ ನಿನ್ನದೇ ಎಂದು ಅದು ಕಂಪನಿಗಳಿಗೆ ಹೇಳುತ್ತದೆ. ಬಹುಪದರದ ಪ್ಯಾಕೆಟ್ಟಿನಲ್ಲಿ 2024–25ಕ್ಕೆ ಶೇಕಡಾ 30, 2027–28ರ ಹೊತ್ತಿಗೆ ಶೇಕಡಾ 60 ಮರುಬಳಕೆಯಾಗಬೇಕು. ಕಂಪನಿಯೇ ಬಂದು ಕಸ ಎತ್ತಬೇಕಿಲ್ಲ, ಮರುಬಳಕೆ ಮಾಡುವ ಘಟಕದಿಂದ ಪ್ರಮಾಣಪತ್ರ ಕೊಂಡರಾಯಿತು. ಉದ್ದೇಶ ಒಳ್ಳೆಯದು. ಪ್ರಮಾಣಪತ್ರದ ದುಡ್ಡು ಕೆಳಗಿಳಿದು ಬಂದರೆ ಆ ಎಡಗಡೆಯ ರಾಶಿಗೂ ಒಂದು ರೇಟು ಹುಟ್ಟಬೇಕು. ಆದರೆ 2023ರಲ್ಲಿ ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿ ತಪಾಸಣೆ ಮಾಡಿದಾಗ ಸುಮಾರು 6 ಲಕ್ಷ ನಕಲಿ ಪ್ರಮಾಣಪತ್ರಗಳು ಸಿಕ್ಕವು. ಒಂದು ಚೂರು ಪ್ಲಾಸ್ಟಿಕ್ಕನ್ನೂ ಎತ್ತದೆ ಎತ್ತಿದೆವೆಂದು ಕಾಗದ ಮಾರಿದ್ದರು. ಅದರಿಂದ ದಂಡ ತೆತ್ತವರು ಯಾರೇ ಇರಲಿ, ನಷ್ಟವಾದದ್ದು ನಿಜವಾಗಿ ಕಸ ಆಯ್ದವರಿಗೆ.

ಕಾಗದದ ಮೇಲಿನ ಹೊಣೆ ಹೀಗಿರುವಾಗ ನೆಲದ ಮೇಲಿನ ಹೊಣೆ ಹೊತ್ತವರು ಬೇರೆಯೇ. ಬೆಂಗಳೂರಿನ ಕಸವನ್ನು ವರ್ಷಗಟ್ಟಲೆ ಮಾವಳ್ಳಿಪುರ, ಮಂಡೂರಿನ ಜನ ಉಸಿರಾಡಿದರು. ಮಂಡೂರಿಗೆ ಲಾರಿ ಹೋಗುವುದು ನಿಂತದ್ದು ಊರವರು ರಸ್ತೆಗಿಳಿದ ಮೇಲೆ, 2014ರ ಡಿಸೆಂಬರ್‌ನಲ್ಲಿ. ಮನೆಯಲ್ಲೇ ಕಸ ಬೇರೆ ಮಾಡಿ, ವಾರ್ಡಿಗೊಂದು ಒಣ ಕಸ ಕೇಂದ್ರ ತೆರೆಯಿರಿ ಎಂದು ಹೈಕೋರ್ಟು 2012ರಲ್ಲಿ ಹೇಳಬೇಕಾಯಿತು. ಚಿಂದಿ ಆಯುವವರಿಗೆ ಗುರುತಿನ ಚೀಟಿ ಸಿಗಬೇಕು, ಆ ಕೇಂದ್ರಗಳನ್ನು ಅವರೇ ನಡೆಸಬೇಕು ಎಂದು ಹಸಿರು ದಳದಂಥ ಸಂಘಟನೆಗಳು ಬಡಿದಾಡಿದ್ದರಿಂದ ಬೀದಿಯಲ್ಲಿ ಗೋಣಿ ಹೊತ್ತು ಅಲೆದವರು ಇವತ್ತು ಕೇಂದ್ರದ ಲೆಕ್ಕಪುಸ್ತಕ ಬರೆಯುತ್ತಿದ್ದಾರೆ. ಹಳ್ಳಿಗಳಲ್ಲಿ ಸ್ವಸಹಾಯ ಸಂಘದ ಹೆಣ್ಣುಮಕ್ಕಳು ಸ್ವಚ್ಛ ವಾಹಿನಿ ಓಡಿಸಿ ಮನೆಮನೆಯ ಒಣ ಕಸ ತರುತ್ತಾರೆ. ಕಾರ್ಕಳ ತಾಲ್ಲೂಕಿನ ನಿಟ್ಟೆಯಲ್ಲಿ ಹಲವು ಪಂಚಾಯಿತಿಗಳ ಒಣ ಕಸವನ್ನು ಒಂದೆಡೆ ಬೇರ್ಪಡಿಸುವ ದೊಡ್ಡ ಘಟಕವೇ ಇದೆ. ಇಷ್ಟೆಲ್ಲ ಶ್ರಮ ಹಾಕಿ ಬೇರ್ಪಡಿಸಿದ ಮೇಲೂ ಬಹುಪದರದ ಪ್ಯಾಕೆಟ್ ಹೋಗುವುದು ಹೆಚ್ಚಾಗಿ ಸಿಮೆಂಟ್ ಕಾರ್ಖಾನೆಯ ಗೂಡಿಗೆ. ಅದು ಅಲ್ಲಿ ಕಲ್ಲಿದ್ದಲಿನ ಜೊತೆ ಉರಿಯುತ್ತದೆ. ತಿಪ್ಪೆಯಲ್ಲಿ ಸುಡುವುದಕ್ಕಿಂತ ಎಷ್ಟೋ ವಾಸಿ, ಆದರೆ ಅದನ್ನು ಮರುಬಳಕೆ ಎಂದು ಕರೆಯಲು ನನ್ನ ಮನಸ್ಸು ಒಪ್ಪುವುದಿಲ್ಲ.

ಪ್ಲಾಸ್ಟಿಕ್ ಬಿಟ್ಟು ಎಲೆಗೆ ಮರಳುವ ದಾರಿಯ ಬಗ್ಗೆ ಎರಡು ಮಾತು. ಮುತ್ತುಗದ ಇಸ್ತ್ರಿ ಎಲೆ, ಬಾಳೆ ಎಲೆ, ಅಡಿಕೆ ಹಾಳೆಯ ತಟ್ಟೆ, ಇವೆಲ್ಲ ನಮ್ಮ ಮದುವೆ, ಜಾತ್ರೆ, ಅನ್ನಸಂತರ್ಪಣೆಗೆ ಸಾಕಷ್ಟು ಒದಗುತ್ತವೆ. ಶಿವಮೊಗ್ಗ, ದಕ್ಷಿಣ ಕನ್ನಡದ ಹಾಳೆ ತಟ್ಟೆ ಹಡಗು ಹತ್ತಿ ಅಮೆರಿಕಕ್ಕೂ ಹೋಗುತ್ತಿತ್ತು. 2025ರಲ್ಲಿ ಅಲ್ಲಿನ ಆಹಾರ ಮತ್ತು ಔಷಧ ಆಡಳಿತ, ಅಡಿಕೆಯ ಅಂಶ ಆಹಾರಕ್ಕೆ ಸೇರಬಹುದೆಂದು ಅದಕ್ಕೆ ತಡೆ ಹಾಕಿತು. ಚಿಕ್ಕಚಿಕ್ಕ ಘಟಕ ಇಟ್ಟುಕೊಂಡವರಿಗೆ ಬಿದ್ದ ದೊಡ್ಡ ಪೆಟ್ಟು ಇದು. ಅಂಥವರ ಪರವಾಗಿ ಪರೀಕ್ಷೆ ನಡೆಸಿ ನಿಲ್ಲಬೇಕಾದದ್ದು ನಮ್ಮ ಸರ್ಕಾರಿ ಪ್ರಯೋಗಾಲಯಗಳ ಕೆಲಸ. ಗೊಬ್ಬರವಾಗುವ ಚೀಲ ಎಂದು ಮಾರುವವಕ್ಕೂ 58 ಡಿಗ್ರಿಯಷ್ಟು ಕಾವಿರುವ ಗೊಬ್ಬರ ಘಟಕ ಬೇಕು, ಹಿತ್ತಲಿನ ಗುಂಡಿಯಲ್ಲಿ ಅವು ಬೇಗ ಕರಗುವುದಿಲ್ಲ. ಅದೂ ಅಲ್ಲದೆ ಶಾಂಪೂವನ್ನು, ಎಣ್ಣೆಯನ್ನು ಎಲೆಯಲ್ಲಿ ಕಟ್ಟಲಾಗುವುದಿಲ್ಲ.

ದಾರಿ ಇರುವುದು ಇನ್ನೂ ಹತ್ತಿರದಲ್ಲಿ, ಬೆಳಿಗ್ಗೆ ಎದ್ದರೆ ಬಾಗಿಲಿಗೆ ಬಂದು ಬೀಳುವ ಹಾಲಿನ ಕವರಿನಲ್ಲಿ. ರಾಜ್ಯದಲ್ಲಿ ದಿನಕ್ಕೆ ಲಕ್ಷಗಟ್ಟಲೆ ಲೀಟರ್ ಹಾಲು ಇದರಲ್ಲೇ ಮಾರಾಟವಾಗುತ್ತದೆ. ಎಷ್ಟೋ ಮನೆಗಳಲ್ಲಿ ಅದನ್ನು ತೊಳೆದು, ನಲ್ಲಿಯ ಮೇಲೆ ಒಣಹಾಕಿ, ಕಟ್ಟಿಟ್ಟು ಗುಜರಿಗೆ ಹಾಕುತ್ತಾರೆ. ಯಾರೂ ಭಾಷಣ ಮಾಡಿ ಕಲಿಸಿದ್ದಲ್ಲ. ಅದು ಒಂದೇ ಜಾತಿಯ ಪ್ಲಾಸ್ಟಿಕ್, ಅದಕ್ಕೆ ರೇಟಿದೆ. ಅದರಲ್ಲೂ ಕಳೆದುಹೋಗುವುದು ಕತ್ತರಿಯಿಂದ ತುಂಡಾಗುವ ಆ ಮೂಲೆ ಮಾತ್ರ. ಕೇಂದ್ರದಲ್ಲಿ ಆ ಹೆಂಗಸು ತಮ್ಮ ಸೀರೆಯ ನಿರಿಗೆಗೆ ಅಂಟಿಕೊಂಡಿದ್ದ ಅಂಥದೊಂದು ತ್ರಿಕೋನವನ್ನು ಬೆರಳ ತುದಿಯಲ್ಲಿ ಹಿಡಿದು ತೋರಿಸಿದ್ದರು. ‘ಇದನ್ನ ಯಾರು ಆರಿಸ್ತಾರೆ ಹೇಳಿ? ಪೂರ್ತಿ ಕತ್ತರಿಸದೆ ಹಂಗೇ ನೇತಾಡೋಕೆ ಬಿಟ್ರೆ ಕವರ್ ಜೊತೇಲೇ ಬರತ್ತೆ.’

ತಿಂಡಿಯ ಪ್ಯಾಕೆಟ್ಟನ್ನೂ ಒಂದೇ ಜಾತಿಯ ಪ್ಲಾಸ್ಟಿಕ್ಕಿನಲ್ಲಿ ಮಾಡುವ ವಿದ್ಯೆ ಈಗ ಬಂದಿದೆ. ಎಲ್ಲ ಪದರವೂ ಪಾಲಿಥೀನೇ, ಅಥವಾ ಎಲ್ಲವೂ ಪಾಲಿಪ್ರೊಪಿಲೀನೇ, ತೇವ ತಡೆಯಲು ಅತಿ ತೆಳುವಾದ ಲೇಪ. ಯಂತ್ರ ಬದಲಿಸಬೇಕು, ಒಂದಿಷ್ಟು ಹೆಚ್ಚು ಖರ್ಚು, ಪದಾರ್ಥದ ಆಯಸ್ಸು ಕೆಲವು ವಾರ ಕಡಿಮೆಯಾಗಬಹುದು. ಎರಡು ತಿಂಗಳಲ್ಲಿ ತಿಂದು ಮುಗಿಸುವ ತಿಂಡಿಗೆ ಆರು ತಿಂಗಳ ಆಯಸ್ಸೇಕೆ ಎಂದು ನಾವು ಕೇಳಬೇಕಾಗಿದೆ. ಕಡ್ಡಾಯ ಮಾಡದೆ ಯಾವ ಕಂಪನಿಯೂ ಒಬ್ಬಂಟಿಯಾಗಿ ಈ ಖರ್ಚು ಮೈಮೇಲೆ ಎಳೆದುಕೊಳ್ಳುವುದಿಲ್ಲ. 2018ರಲ್ಲಿ ಸೇರಿಸಿದ ಆ ಕೆಲವು ಪದಗಳನ್ನು ತೆಗೆದುಹಾಕುವುದರಿಂದಲೇ ಇದು ಶುರುವಾಗಬೇಕು.

ಮದ್ಯದ ಪೊಟ್ಟಣಕ್ಕಂತೂ ಕೇಂದ್ರ ಸರ್ಕಾರದ ಕಡೆ ನೋಡುತ್ತ ಕೂರುವ ಅಗತ್ಯವೇ ಇಲ್ಲ. ಗುಂಡ್ಲುಪೇಟೆ ದಾಟಿ, ಕಾಡಿನೊಳಗೆ ಸಾಗಿದರೆ ತಮಿಳುನಾಡಿನ ನೀಲಗಿರಿ. ಅಲ್ಲಿ 2022ರಿಂದ, ಮದ್ರಾಸ್ ಹೈಕೋರ್ಟಿನ ಒತ್ತಾಯದಿಂದ, ಸರ್ಕಾರಿ ಮದ್ಯದಂಗಡಿಗಳು ಪ್ರತಿ ಬಾಟಲಿಗೆ 10 ರೂಪಾಯಿ ಹೆಚ್ಚು ಪಡೆದು, ಖಾಲಿ ಬಾಟಲಿ ತಂದಾಗ ವಾಪಸ್ ಕೊಡುತ್ತಿವೆ. ಆನೆಯ ಕಾಲಿಗೆ ಗಾಜು ಚುಚ್ಚುತ್ತಿದ್ದ ಕಾಡಿನಲ್ಲಿ ಈಗ ಬಹುಪಾಲು ಬಾಟಲಿಗಳು ಅಂಗಡಿಗೆ ಮರಳುತ್ತವೆ. ಕುಡಿದವನು ಎಸೆದರೂ ಬೇರೆಯವರು ಆರಿಸಿ ತರುತ್ತಾರೆ. ನಮ್ಮಲ್ಲಿ ಮದ್ಯದ ಸಗಟು ವ್ಯಾಪಾರವೆಲ್ಲ ನಡೆಯುವುದು ಸರ್ಕಾರದ್ದೇ ಆದ ಪಾನೀಯ ನಿಗಮದ ಮೂಲಕ. ಪ್ರತಿ ಪೊಟ್ಟಣವೂ ಅದರ ಗೋದಾಮು ಹಾಯ್ದೇ ಹೊರಗೆ ಬರುತ್ತದೆ. ಅಬಕಾರಿಯಿಂದ ರಾಜ್ಯಕ್ಕೆ ವರ್ಷಕ್ಕೆ 30 ಸಾವಿರ ಕೋಟಿ ರೂಪಾಯಿಗೂ ಹೆಚ್ಚು ಆದಾಯ. ಪೊಟ್ಟಣದ ಮೇಲೆ ಎರಡೋ ಮೂರೋ ರೂಪಾಯಿಯ ಠೇವಣಿ ದುಡ್ಡು ಇಟ್ಟರೆ ಹೊಲದ ಬದು, ಕೆರೆ ಏರಿಗಳಿಂದ ಅವುಗಳನ್ನು ಊರಿನ ಹುಡುಗರೇ ಬಾಚಿಕೊಂಡು ಬರುತ್ತಾರೆ. ಇದನ್ನು ಮಾಡಲು ಸರ್ಕಾರಕ್ಕೆ ಬೇಕಾಗಿರುವುದು ಒಂದು ಆದೇಶ.

ಒಣ ಕಸ ಕೇಂದ್ರದಿಂದ ಹೊರಡುವ ಮುಂಚೆ ಗೋಡೆಗೆ ಒರಗಿಸಿದ್ದ ಚೀಲಗಳ ಹತ್ತಿರ ಹೋದೆ. ಬೆಳ್ಳಿ ಪ್ಯಾಕೆಟ್ಟುಗಳನ್ನು ಬಿಗಿಯಾಗಿ ತುಂಬಿ ಬಾಯಿ ಹೊಲಿದ, ನನ್ನ ಎದೆಯೆತ್ತರದ ಚೀಲಗಳು. ಒಂದನ್ನು ಎತ್ತಿ ನೋಡಿದೆ. ಒಂದೇ ಕೈಯಲ್ಲಿ ಬಂತು, ಹತ್ತಿ ಮೂಟೆಯ ಹಾಗೆ. ಸಿಮೆಂಟ್ ಕಾರ್ಖಾನೆಗೆ ಹೋಗುವ ಲಾರಿ ಯಾವಾಗ ಬರುತ್ತದೆ ಎಂದು ಕೇಳಿದೆ.

‘ಲೋಡ್ ಆದ್ಮೇಲೆ ಬರತ್ತಣ್ಣ. ತೂಕಾನೇ ಇಲ್ವಲ್ಲ, ಬಾಡಿಗೆ ಗಿಟ್ಟಬೇಕಂದ್ರೆ ಜಾಸ್ತಿ ಚೀಲ ಬೇಕು.’ ಅವರು ರಾಶಿಗೆ ಮತ್ತೆ ಕೈ ಹಾಕಿದರು. ‘ಹಬ್ಬ ಬಂತಲ್ಲ, ಬೇಗ ತುಂಬತ್ತೆ ಬಿಡಿ.’